ಎಪ್ಪತ್ತು ಮೆಟ್ಟಿಲು

ಅಮೆರಿಕದ ಲವ್‌ಕ್ರಾಫ್ಟ್ 1927ರಲ್ಲಿ ಬರೆದು ಮುಗಿಸಿದ, ಅವನು ತೀರಿಕೊಂಡ ಮೇಲೆ 1943ರಲ್ಲಿ ಅಚ್ಚಾದ ಕಥೆಯೊಂದರಲ್ಲಿ ಸ್ವಪ್ನಲೋಕಕ್ಕೆ ದಾರಿಯಿದೆ. ಎಳೆನಿದ್ದೆಯ 70 ಮೆಟ್ಟಿಲಿಳಿದರೆ ಬೆಂಕಿಯ ಗುಹೆ, ಇಬ್ಬರು ಪೂಜಾರಿಗಳು. ಅಲ್ಲಿಂದ 700 ಮೆಟ್ಟಿಲಿಳಿದರೆ ಗಾಢನಿದ್ದೆಯ ಹೆಬ್ಬಾಗಿಲು. ಮೂರು ಸಲ ಕನಸಿನಲ್ಲಿ ಕಂಡು ಕೈತಪ್ಪಿದ ಸಂಜೆಬಿಸಿಲಿನ ನಗರವೊಂದನ್ನು ಹುಡುಕುತ್ತ ಕಾರ್ಟರ್ ಎಂಬಾತ ಆ ಲೋಕವನ್ನೆಲ್ಲ ಅಲೆಯುತ್ತಾನೆ. ಕೊನೆಗೆ ತಿಳಿಯುವುದೇನು? ಆ ನಗರ ಅವನು ಹುಡುಗನಾಗಿದ್ದಾಗ ಕಂಡ ಬಾಸ್ಟನ್ನಿನ, ಅದರ ಆಸುಪಾಸಿನ ನೆನಪೇ!

ಅಮ್ಮ ಹೋದ ಮೇಲೆ ನನಗೆ ನಿದ್ದೆ ಹತ್ತುವುದಿಲ್ಲ. ಕನ್ನಡ ಮೇಷ್ಟರಿಗೆ ಇದೆಂಥ ಹುಚ್ಚು ಎಂದು ನೀವು ನಕ್ಕರೂ ಸರಿಯೆ, ದೀಪ ಆರಿಸಿ ನಾನೂ ಮೆಟ್ಟಿಲು ಎಣಿಸುತ್ತೇನೆ. ಬೆಂಕಿಯ ಗುಹೆಯೇನೂ ಕಾಣುವುದಿಲ್ಲ. ಮೂವತ್ತರ ಸುಮಾರಿಗೆ ಅಂಗಾಲಿಗೆ ಪಾಚಿಗಟ್ಟಿದ ಕಲ್ಲು ತಣ್ಣಗೆ ತಾಗುತ್ತದೆ. ನಮ್ಮ ಹಳೆಯ ಮನೆಯ ಹಿತ್ತಿಲಿನಿಂದ ಕೆರೆಗಿಳಿಯುವ ಪಾವಟಿಗೆ! ಕೆಳಗೆ ಬಟ್ಟೆ ಒಗೆಯುವ ಸದ್ದು. ಬೆನ್ನಷ್ಟೇ ಕಾಣುತ್ತದೆ. ಕೂಗಬೇಕು ಎನ್ನುವಷ್ಟರಲ್ಲಿ ಎಚ್ಚರವಾಗಿಬಿಡುತ್ತದೆ.

ಆ ಮನೆಯನ್ನು ಮಾರಿದವನು ನಾನೇ. ಅಮ್ಮ ಬೇಡವೆಂದಿದ್ದಳು, ಒಂದೇ ಸಲ, ಮೆಲ್ಲಗೆ. ನನಗೆ ಕೇಳಿಸಿತ್ತು. ತಿರುಗಿ ನೋಡಿದರೆ ಅವಳು ಏನನ್ನುತ್ತಾಳೋ ಎಂಬ ಭಯ ನನಗೆ. ಆದರೂ ಇಳಿಯುವುದನ್ನು ಬಿಟ್ಟಿಲ್ಲ. ನಿನ್ನೆ ಐವತ್ತೆರಡರವರೆಗೆ ಹೋಗಿದ್ದೆ.