ಇಂಟು ಮಾರ್ಕಿನ ಮುಖಗಳು

ಬೇಸಿಗೆಯ ರಜೆಗೆಂದು ಪುಣೆಗೆ ಬಂದಿದ್ದ ನಮ್ಮ ಸೋದರಳಿಯ ಏಳು ಜಪಾನಿ ಚಿತ್ರಕಥೆಯ ಪುಸ್ತಕಗಳನ್ನು ಮೇಜಿನ ಮೇಲೆ ಪೇರಿಸಿ, "ಮಾಮಾ, ಇದನ್ನು ಬಲದಿಂದ ಎಡಕ್ಕೆ ಓದಬೇಕು" ಎಂದ. ಬಿ.ಎ. ಪಾಸು ಮಾಡಿ ಹತ್ತು ವರ್ಷ ಸರ್ಕಾರಿ ಕಡತ ತಿರುವಿದ ನಮಗೆ ಹದಿನಾರರ ಹುಡುಗನಿಂದ ಓದಿನ ಪಾಠ! ವಾಚಕರು ನಗಬಾರದು, ಎರಡು ರಾತ್ರಿ ನಿದ್ದೆಗೆಟ್ಟು ಓದಿದೆವು.

ಯೊಶಿತೊಕಿ ಓಯಿಮಾ ಎಂಬ ಲೇಖಕಿ 2013-14ರಲ್ಲಿ ವಾರಪತ್ರಿಕೆಯೊಂದರಲ್ಲಿ ಧಾರಾವಾಹಿಯಾಗಿ ಬರೆದ 'ಕೊಎ ನೊ ಕತಾಚಿ' ಅದು. ಧ್ವನಿಯ ಆಕಾರವೆಂದು ಅರ್ಥ. ಆರನೆಯ ತರಗತಿಯ ಇಶಿದ ಎಂಬ ಹುಡುಗ, ಕಿವಿ ಕೇಳದ ನಿಶಿಮಿಯಳನ್ನು ಗೋಳುಹೊಯ್ದುಕೊಳ್ಳುತ್ತಾನೆ, ಅವಳ ಶ್ರವಣಯಂತ್ರವನ್ನು ಕಿತ್ತೆಸೆಯುತ್ತಾನೆ. ಸಂಗತಿ ಬಯಲಾದ ಮೇಲೆ ಜೊತೆಯವರು ಅವನನ್ನೇ ದೂರವಿಡುತ್ತಾರೆ. ಹದಿಹರೆಯಕ್ಕೆ ಬರುವ ಹೊತ್ತಿಗೆ ಅವನಿಗೆ ಯಾರ ಮುಖವೂ ಕಾಣದು: ಒಂದೊಂದು ಮುಖದ ಮೇಲೂ ದೊಡ್ಡ ಇಂಟು ಮಾರ್ಕು, ಮೇಷ್ಟರು ತಪ್ಪು ಲೆಕ್ಕಕ್ಕೆ ಎಳೆಯುವಂಥದು. ಯಾರಾದರೂ ಹತ್ತಿರವಾದರೆ ಅದು ಕಳಚಿ ಬೀಳುತ್ತದೆ. ಮನಸ್ಸು ಮುರಿದರೆ ಮರಳಿ ಬಂದು ಕೂರುತ್ತದೆ. ಅಂಟಿಸಿದವನು ಇಶಿದನೇ; ಆ ಮುಖದವರಿಗೆ ಅದರ ಸುಳಿವೂ ಇಲ್ಲ.

51ನೆಯ ಅಧ್ಯಾಯ ನಿಶಿಮಿಯಳ ಕಡೆಯಿಂದ ಬಂದದ್ದು. ಅಲ್ಲಿ ಇತರರು ಆಡುವ ಮಾತುಗಳ ಅಕ್ಷರಗಳು ಅರ್ಧಂಬರ್ಧ ಅಳಿಸಿಹೋಗಿವೆ. ಅಚ್ಚಿನ ದೋಷವೆಂದು ತಿಳಿದು ನಾವು ಹುಡುಗನನ್ನು ಕೂಗಿದೆವು. "ಅವಳಿಗೆ ಕೇಳಿಸುವುದೇ ಅಷ್ಟು, ಮಾಮಾ" ಎಂದ. ಮತ್ತೆ ಮೊದಲಿನಿಂದ ನೋಡಿದೆವು. ಕಣ್ಣು ಕಿರಿದು ಮಾಡಿ, ಊಹಿಸಿ, ಸೋತು ಪುಟ ಮಗುಚುವುದಾಯಿತು.

ನಮ್ಮ ಕಚೇರಿಯಲ್ಲಿ ಪಕ್ಕದ ಮೇಜಿನ ಹಿರಿಯರೊಬ್ಬರಿಗೆ ಕಿವಿ ಮಂದ. ತುಟಿ ನೋಡಿ ಮಾತು ಹಿಡಿಯುವವರು. ಆರು ವರ್ಷದಿಂದಲೂ ನಾವು ಕಡತದಿಂದ ತಲೆಯೆತ್ತದೆಯೇ ಅವರೊಡನೆ ಮಾತನಾಡುತ್ತ ಬಂದಿದ್ದೇವೆ. "ಕಾಯ್?" ಎಂದು ಅವರು ಮುಂದಕ್ಕೆ ಬಾಗಿದರೆ, ಏನಿಲ್ಲ ಬಿಡಿ ಎಂದು ಕೈಯಾಡಿಸಿಬಿಡುವುದು. ಅವರನ್ನು ಅಣಕಿಸಿದವರ ಪೈಕಿ ನಾವಲ್ಲ ಎಂಬ ಸಮಾಧಾನವೊಂದಿತ್ತು.

ಸೋಮವಾರ ಚಹಾದ ಹೊತ್ತಿಗೆ ಕುರ್ಚಿ ತಿರುಗಿಸಿಕೊಂಡು ಅವರೆದುರು ಕುಳಿತು, ನಿಧಾನವಾಗಿ ಮನೆಯವರ ಯೋಗಕ್ಷೇಮ ವಿಚಾರಿಸಿದೆವು. ಅವರು ಒಂದು ಕ್ಷಣ ನಮ್ಮನ್ನೇ ನೋಡಿದರು. ಆಮೇಲೆ ಕನ್ನಡಕ ಒರೆಸಿಕೊಳ್ಳುತ್ತ ಹೇಳತೊಡಗಿದರು. ಮಗಳ ಮದುವೆಯಾಗಿ ಎರಡು ವರ್ಷವಾಯಿತಂತೆ. ಆಗ ಕಚೇರಿಗೆಲ್ಲ ಪೇಢೆ ಹಂಚಿದ್ದರು. ನಾವೂ ಎರಡು ತಿಂದಿದ್ದೆವು, ಏತಕ್ಕೆಂದು ಕೇಳಿರಲಿಲ್ಲ.