0.01ಕ್ಕಿಂತ ಕಡಿಮೆ

ಫ್ಯೂಷನ್ ರಿಯಾಕ್ಟರಿನ ಉಕ್ಕಿನ ಮೇಲೆ ಕೆಲಸ ಮಾಡುವವರ ಮುಂದೆ ಎರಡು ಪ್ರಶ್ನೆಗಳಿರುತ್ತವೆ. ಈ ಉಕ್ಕು ಗೋಡೆಯಾಗಿ ನಿಂತು ತಾಳೀತೇ? ಕೆಲಸ ಮುಗಿದ ಮೇಲೆ ಎಷ್ಟು ಕಾಲ ಅಪಾಯಕಾರಿಯಾಗಿ ಉಳಿದೀತು? ಮೊದಲ ಪ್ರಶ್ನೆಗೆ ನನ್ನ ದುಡಿಮೆಯನ್ನೆಲ್ಲ ಸುರಿದೆ. ಎರಡನೆಯದಕ್ಕೆ ಕಾಗದದ ಮೇಲೆ ಉತ್ತರ ಇದೆ ಅಂದುಕೊಂಡೆ. ಒಂದು ಇಡೀ ಹೀಟ್, ಅಂದರೆ ಕುಲುಮೆಯಲ್ಲಿ ಒಮ್ಮೆಗೆ ಕರಗಿಸಿದಷ್ಟು ಉಕ್ಕು, ಹಾಳಾದದ್ದು ಹಾಗೆ.

ಡ್ಯೂಟೀರಿಯಂ, ಟ್ರಿಟಿಯಂ ಕೂಡಿದಾಗ ಹೀಲಿಯಂ ಜೊತೆಗೆ 14.1 ಎಂಇವಿ ಶಕ್ತಿಯ ನ್ಯೂಟ್ರಾನ್ ಹೊರಬರುತ್ತದೆ. ಅದಕ್ಕೆ ವಿದ್ಯುದಂಶ ಇಲ್ಲ, ಹಾಗಾಗಿ ಯಾವ ಅಯಸ್ಕಾಂತವೂ ಅದನ್ನು ತಡೆಯಲಾರದು. ನೇರವಾಗಿ ಗೋಡೆಗೆ ಬಡಿದು ಲೋಹದ ಪರಮಾಣುಗಳನ್ನು ಜಾಗದಿಂದ ಕದಲಿಸುತ್ತದೆ. ಉಕ್ಕು ಗಡುಸಾಗಿ, ಕ್ರಮೇಣ ಪೆಡಸಾಗುತ್ತದೆ. ಕೆಲವು ಧಾತುಗಳು ವಿಕಿರಣ ಸೂಸುವ ಬೇರೆ ರೂಪಕ್ಕೆ ತಿರುಗುತ್ತವೆ. ಯುರೇನಿಯಂ ಸ್ಥಾವರದಲ್ಲಿ ಉಳಿಯುವಂಥ ಸುಟ್ಟ ಇಂಧನ ಇಲ್ಲಿ ಇರುವುದಿಲ್ಲ. ಮುಂದಿನವರಿಗೆ ನಾವು ಬಿಟ್ಟುಹೋಗುವ ಹೊರೆಯ ಬಹುಪಾಲು ಗೋಡೆಯ ಲೋಹದ್ದೇ. ಅಂದರೆ ಅದು ಲೋಹಶಾಸ್ತ್ರಜ್ಞರ ಜವಾಬ್ದಾರಿ.

ಉಷ್ಣ ವಿದ್ಯುತ್ ಸ್ಥಾವರಗಳಲ್ಲಿ ಬಳಸುವ ಪಿ91 ಎಂಬ ಉಕ್ಕಿನಲ್ಲಿ ಶೇ. 9ರಷ್ಟು ಕ್ರೋಮಿಯಂ, ಸುಮಾರು ಶೇ. 1ರಷ್ಟು ಮಾಲಿಬ್ಡಿನಂ, ಚೂರು ನಯೋಬಿಯಂ ಇರುತ್ತವೆ. ಫ್ಯೂಷನ್ ಉಕ್ಕಿನಲ್ಲಿ ಕೊನೆಯ ಎರಡನ್ನೂ ತೆಗೆದು ಟಂಗ್‌ಸ್ಟನ್, ಟ್ಯಾಂಟಲಂ ಹಾಕುತ್ತಾರೆ. ನೂರು ವರ್ಷದೊಳಗೆ ಅದರ ವಿಕಿರಣ ಕೆಳಮಟ್ಟಕ್ಕೆ ಇಳಿಯಬೇಕೆಂಬುದು ಗುರಿ. ಗಾಂಧಿನಗರದ ಪ್ಲಾಸ್ಮಾ ಸಂಶೋಧನಾ ಸಂಸ್ಥೆ, ಕಲ್ಪಾಕ್ಕಂನ ಇಂದಿರಾ ಗಾಂಧಿ ಪರಮಾಣು ಸಂಶೋಧನಾ ಕೇಂದ್ರ, ಹೈದರಾಬಾದಿನ ಮಿಧಾನಿ ಸೇರಿ ರೂಪಿಸಿದ ಭಾರತೀಯ ಉಕ್ಕಿನಲ್ಲಿ ಟಂಗ್‌ಸ್ಟನ್ ಶೇ. 1.4, ಟ್ಯಾಂಟಲಂ ಶೇ. 0.06. ಫ್ರಾನ್ಸಿನ ಐಟರ್ ಫ್ಯೂಷನ್ ಯೋಜನೆಯಲ್ಲಿ ಭಾರತ 2005ರಿಂದ ಪಾಲುದಾರ ದೇಶ. ಆ ಭಾರತೀಯ ಉಕ್ಕಿನ ಜಾಡಿನಲ್ಲೇ ನಮ್ಮದೂ ಒಂದು ಸಣ್ಣ ಪ್ರಾಯೋಗಿಕ ಹೀಟ್.

ನಿರ್ವಾತ ಕುಲುಮೆಯಲ್ಲಿ ಕರಗಿಸಿ, ಎರಕ ಹೊಯ್ದು, ತಟ್ಟೆಗಳಾಗಿ ಉರುಳಿಸಿದೆವು. ಎಳೆದು ನೋಡಿದೆವು, ಬಲ ಚೆನ್ನಾಗಿತ್ತು. ಹತ್ತು ಮಿಲಿಮೀಟರ್ ಚೌಕದ ತುಂಡುಗಳಿಗೆ ಕಚ್ಚು ಹಾಕಿ ಚಾರ್ಪಿ ಸುತ್ತಿಗೆಯಿಂದ ಹೊಡೆದೆವು. ಮುರಿದ ಮುಖ ಬೂದುಬಣ್ಣಕ್ಕೆ, ನಾರುನಾರಾಗಿತ್ತು. ಪೆಡಸು ಲೋಹ ಒಡೆದಾಗ ಕಾಣುವ ಹೊಳಪು ಎಲ್ಲೂ ಇರಲಿಲ್ಲ. ಬೆಸುಗೆ ಪರೀಕ್ಷೆಗೂ ಕೈಹಾಕಿದೆವು. ಒಬ್ಬ ವಿದ್ಯಾರ್ಥಿಯ ಪ್ರಬಂಧದ ಒಂದು ಅಧ್ಯಾಯ ಇದೇ ತಟ್ಟೆಗಳ ಮೇಲೆ ಬೆಳೆಯಿತು.

ಕುಲುಮೆಯ ಸ್ಪೆಕ್ಟ್ರೋಮೀಟರ್ ವರದಿಯಲ್ಲಿ ನಯೋಬಿಯಂ ಎದುರಿಗೆ ‘0.01ಕ್ಕಿಂತ ಕಡಿಮೆ’ ಎಂದಿತ್ತು. ನಾನು ಅದನ್ನು ‘ಇಲ್ಲ’ ಎಂದು ಓದಿ ಸಹಿ ಹಾಕಿದೆ. ಶೇ. 0.01 ಅಂದರೆ ಒಂದು ಟನ್ ಉಕ್ಕಿನಲ್ಲಿ ನೂರು ಗ್ರಾಂ. ನಾವು ಇಟ್ಟುಕೊಂಡಿದ್ದ ಮಿತಿ ಹತ್ತು ಗ್ರಾಂ. ನೂರು ಗ್ರಾಂಗಿಂತ ಕೆಳಗೆ ತನಗೆ ಕಾಣುವುದಿಲ್ಲ ಎಂದು ಆ ಯಂತ್ರ ಪ್ರಾಮಾಣಿಕವಾಗಿಯೇ ಹೇಳಿತ್ತು. ಕೇಳಿಸಿಕೊಳ್ಳುವ ತಾಳ್ಮೆ ನನಗಿರಲಿಲ್ಲ.

ವಿಕಿರಣದ ಲೆಕ್ಕಾಚಾರಕ್ಕೆಂದು ಮತ್ತೊಂದು ಪ್ರಯೋಗಾಲಯಕ್ಕೆ ಮಾದರಿ ಕಳಿಸಿದಾಗ ಸತ್ಯ ಹೊರಬಿತ್ತು. ನಯೋಬಿಯಂ ಮಿತಿಯ ಸುಮಾರು ಮೂರರಷ್ಟಿತ್ತು. ಬಂದದ್ದು ಟ್ಯಾಂಟಲಂ ಜೊತೆಗೆ. ಇವೆರಡೂ ಒಂದೇ ಅದಿರಿನಲ್ಲಿ ಸಿಗುವ ಧಾತುಗಳು, ಬೇರ್ಪಡಿಸುವುದು ಕಷ್ಟ. ಟ್ಯಾಂಟಲಂನಲ್ಲಿ ಶೇ. 5ರಷ್ಟು ನಯೋಬಿಯಂ ಉಳಿದಿದ್ದರೂ ಸಾಕು, ಟನ್ನಿಗೆ 600 ಗ್ರಾಂ ಟ್ಯಾಂಟಲಂ ಹಾಕಿದಾಗ 30 ಗ್ರಾಂ ನಯೋಬಿಯಂ ಒಳಗೆ ಸೇರುತ್ತದೆ. ಬಲದ ಪರೀಕ್ಷೆಯಲ್ಲಿ ಅದು ಸಿಕ್ಕಿಬೀಳುವುದೂ ಇಲ್ಲ, ಏಕೆಂದರೆ ಉಕ್ಕಿನ ಬಲಕ್ಕೆ ನಯೋಬಿಯಂ ಒಳ್ಳೆಯದೇ. ಪಿ91ಕ್ಕೆ ಅದನ್ನು ಬೇಕೆಂದೇ ಬೆರೆಸುತ್ತಾರೆ.

ಆದರೆ ನ್ಯೂಟ್ರಾನ್ ಹೀರಿದ ನಯೋಬಿಯಂ, ನಯೋಬಿಯಂ-94 ಆಗಿ ಗಾಮಾ ಕಿರಣ ಸೂಸುತ್ತದೆ. ಅದರ ಅರ್ಧಾಯುಷ್ಯ ಸುಮಾರು 20,000 ವರ್ಷ. ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡಿನ ಬಂಡೆಗಳ ಮೇಲಿರುವ ಅಶೋಕನ ಶಾಸನಗಳಿಗೆ ಹೆಚ್ಚುಕಡಿಮೆ 2,250 ವರ್ಷ. ಅಂಥ ಒಂಬತ್ತು ಕಾಲಾವಧಿ ಕಳೆದರೂ ನಾವು ಬಿಟ್ಟುಹೋದ ನಯೋಬಿಯಂ-94ರ ಅರ್ಧ ಪಾಲು ಹಾಗೇ ಇರುತ್ತದೆ. ಆ ಬಂಡೆಗಳನ್ನು ನೋಡುತ್ತ ಬೆಳೆದವನಿಗೆ ಈ ಲೆಕ್ಕ ಎದೆಗೆ ನಾಟಿತು. ಹೀಟ್ ತಿರಸ್ಕೃತವಾಯಿತು. ಆ ವಿದ್ಯಾರ್ಥಿ ಅಧ್ಯಾಯವನ್ನು ಮೊದಲಿಂದ ಬರೆಯಬೇಕಾಯಿತು. ಅವನ ಕಾಲ ನನ್ನಿಂದ ಹಾಳಾದದ್ದು ಉಕ್ಕಿಗಿಂತ ಹೆಚ್ಚು ನೋಯಿಸಿತು.

ಊರಿಗೆ ಬಂದಾಗ ಕೊಪ್ಪಳ ಹತ್ತಿರದ ಗಿಣಿಗೇರಿ ಕಡೆ ಕುಲುಮೆಯಲ್ಲಿ ದುಡಿಯುವ ಶಾಲಾ ಗೆಳೆಯನಿಗೆ ಇದನ್ನು ಹೇಳಿಕೊಂಡೆ. ಅವನು ಅಂದ: “ಬೆಂಕ್ಯಾಗ ಹಾಕಿದ್ರ ಎಲ್ಲಾ ಸುಟ್ಟು ಹೋಗತೈತಿ ಅನಕೋಬ್ಯಾಡ. ತಾಮ್ರ, ತವರ ಒಮ್ಮೆ ಒಳಗ ಬಂದ್ವು ಅಂದ್ರ ಹೊರಗ ಹೋಗಂಗಿಲ್ಲ. ಸ್ಕ್ರ್ಯಾಪ್ ಲಾರಿ ಇಳಿಯೋ ಮುಂದನ ನೋಡಬೇಕು.” ಅವನು ನಿತ್ಯದ ಕೆಲಸದ ಮಾತು ಆಡಿದ್ದ. ನಯೋಬಿಯಂ ಆವಿಯಾಗಿಯೂ ಹೋಗದು, ನಿರ್ವಾತವೂ ಅದನ್ನು ತೆಗೆಯದು. ಕಚ್ಚಾ ವಸ್ತು ಬರುವಾಗಲೇ ತಡೆಯಬೇಕಿತ್ತು.

ಈಗ ಟ್ಯಾಂಟಲಂ ತರಿಸುವಾಗ ಅದರಲ್ಲಿ ನಯೋಬಿಯಂ ಎಷ್ಟೆಂದು ಪ್ರತ್ಯೇಕವಾಗಿ ಬರೆಸಿಕೊಳ್ಳುತ್ತೇನೆ. ಕರಗಿಸುವ ಮೊದಲೇ ಪಿಪಿಎಂ (ಹತ್ತು ಲಕ್ಷದಲ್ಲಿ ಒಂದು ಭಾಗ) ಮಟ್ಟದ ಪರೀಕ್ಷೆ ಮಾಡಿಸುತ್ತೇನೆ. ವಿದ್ಯಾರ್ಥಿಗಳ ಕೋಷ್ಟಕದಲ್ಲಿ ಸೊನ್ನೆ, ಅಡ್ಡಗೆರೆಗಳಿಗೆ ಜಾಗ ಇಲ್ಲ, ಉಪಕರಣ ಎಲ್ಲಿಯವರೆಗೆ ಕಾಣಬಲ್ಲದು ಎಂಬ ಅಂಕಿ ಇರಲೇಬೇಕು. ಗಿಣಿಗೇರಿ ಸುತ್ತಲಿನ ಹೊಲಗಳಲ್ಲಿ ಬೆಳೆಯ ಮೇಲೆ ಕೂರುವ ಕಪ್ಪು ಧೂಳಿನ ಬಗ್ಗೆ ವರದಿ ಬಂದಾಗಲೂ ಊರವರಿಗೆ ಇದನ್ನೇ ಹೇಳುತ್ತೇನೆ: ಏನನ್ನು ಅಳೆದರು, ಯಾವುದರಿಂದ ಅಳೆದರು, ಆ ಯಂತ್ರ ಎಷ್ಟು ಸಣ್ಣದನ್ನು ಹಿಡಿಯಬಲ್ಲದು ಎಂದು ಕೇಳಿ. ಕೇಳುವುದು ನಿಮ್ಮ ಹಕ್ಕು. ಇದಕ್ಕೆ ಉತ್ತರ ಇಲ್ಲದ ಯಾವ ವರದಿಗೂ ನಾನೀಗ ಸಹಿ ಹಾಕುವುದಿಲ್ಲ.