ನಾದ ಒಳಗೆ, ನಾವು ಹೊರಗೆ

ಕಲ್ಲಿಗೆ ರೂಪ ಕೊಟ್ಟವನನ್ನು ಶಿಲ್ಪಿ ಅಂತಾರೆ. ಬಣ್ಣಕ್ಕೆ ರೂಪ ಕೊಟ್ಟವನನ್ನು ಕಲಾವಿದ ಅಂತಾರೆ. ಸದ್ದಿಗೆ ಮೈ ಕೊಟ್ಟವರು ನಾವು. ನಮ್ಮನ್ನು ಏನಂತ ಕರೆದರು ಅನ್ನೋದು ಕೇರಿಯಲ್ಲಿ ಹುಟ್ಟಿದವರಿಗೆಲ್ಲ ಗೊತ್ತು. ಇಲ್ಲಿ ಬರೆಯುವುದು ಬೇಡ.

ನಮ್ಮ ಮನೆಯಲ್ಲಿ ತಮಟೆ ಕಟ್ಟುತ್ತಿದ್ದವನು ತಾತ. ಊರಲ್ಲಿ ದನ ಸತ್ತರೆ ಹೊತ್ತು ತರುವುದು ನಮ್ಮ ಪಾಲಿನ ಚಾಕರಿ. ತಾತ ತೊಗಲನ್ನು ಸುಣ್ಣದ ನೀರಲ್ಲಿ ನೆನೆಹಾಕಿ ಕೂದಲು ಹೆರೆಯುತ್ತಿದ್ದ. ಮರದ ಬಳೆಗೆ ಹುಣಸೆಬೀಜದ ಅಂಟು ಬಳಿದು, ಹಸಿ ತೊಗಲನ್ನು ಎಳೆದು ಬಿಗಿಯುತ್ತಿದ್ದ. ಒಣಗಿದ ಮೇಲೆ ಹುಲ್ಲಿನ ಉರಿಗೆ ಹಿಡಿದು, ಬೆರಳಲ್ಲಿ ತಟ್ಟಿ ಕಿವಿಗೊಡುತ್ತಿದ್ದ.

"ಇನ್ನೂ ಮಾತು ಬಂದಿಲ್ಲ ಕಣ್ರಲಾ, ಇನ್ನೊಂದು ಹಿಡಿ ಹುಲ್ಲು ಹಾಕ್ರಿ" ಅನ್ನುತ್ತಿದ್ದ.

ಕಾವು ಸಾಲದಿದ್ದರೆ ತಮಟೆ ಬದ್ ಬದ್ ಅನ್ನುತ್ತದೆ. ಹೆಚ್ಚಾದರೆ ತೊಗಲು ಸೀಳುತ್ತದೆ. ಇವೆರಡರ ನಡುವಿನ ಗಳಿಗೆ ತಾತನಿಗೆ ಗೊತ್ತಿತ್ತು. ಅವನು ಒಂದು ದಿನವೂ ಶಾಲೆಯ ಮೆಟ್ಟಿಲು ಹತ್ತಿದವನಲ್ಲ.

ಆ ತಮಟೆ ಇಲ್ಲದೆ ಜಾತ್ರೆ ಹೊರಡುತ್ತಿರಲಿಲ್ಲ, ಹೆಣ ಏಳುತ್ತಿರಲಿಲ್ಲ. ದೇವರ ಮುಂದೆ ನಮ್ಮ ಸದ್ದೇ ನಡೆಯಬೇಕು. ಗುಡಿ ಬಾಗಿಲಿಗೆ ಬಂದರೆ ಸದ್ದು ಒಳಗೆ ಹೋಗುತ್ತಿತ್ತು, ಬಡಿದವನು ಹೊರಗೆ ನಿಲ್ಲುತ್ತಿದ್ದ. ರಾತ್ರಿಯೆಲ್ಲಾ ಬಡಿದರೆ ಸಿಗುತ್ತಿದ್ದದ್ದು ಉಳಿದ ಅನ್ನ, ಒಂದಿಷ್ಟು ಹೆಂಡ. ಅದನ್ನು ಕೂಲಿ ಅನ್ನಲಿಲ್ಲ, ಪದ್ಧತಿ ಅಂದರು.

ನಾವು ಅಣ್ಣತಮ್ಮಂದಿರು ಹಾಸ್ಟೆಲ್ ಸೇರಿದೆವು. ಅಲ್ಲಿ ಅಂಬೇಡ್ಕರರನ್ನು ಓದಿದೆವು. ಸತ್ತ ದನದ ಮಾಂಸ ಬಿಡಿ, ಎಸೆದ ತುಣುಕಿಗೆ ಕೈಯೊಡ್ಡಬೇಡಿ ಎಂದು ಅವರು 1927ರಲ್ಲಿ ಮಹಾಡದಲ್ಲಿ ಕೊಟ್ಟ ಕರೆ ನಮ್ಮ ಊರಿಗೆ ಬರುವ ಹೊತ್ತಿಗೆ ಅರ್ಧ ಶತಮಾನ ಕಳೆದಿತ್ತು. ಒಂದು ರಜೆಯಲ್ಲಿ ಊರ ದೊಡ್ಡ ಮನೆಯಲ್ಲಿ ಸಾವಾಯಿತು. "ತಮಟೆ ತಗೊಂಡು ಬರ್ರೋ" ಅಂತ ಆಳು ಬಂದ. ಬರಲ್ಲ ಅಂದೆವು. ಕೇರಿಗೆ ಹದಿನೈದು ದಿನ ಕೂಲಿ ಬಂದ್ ಆಯಿತು. ಹೊಟ್ಟೆಗೆ ಕಷ್ಟವಾಯಿತು, ಆದರೂ ಬಗ್ಗಲಿಲ್ಲ. ಆ ತೀರ್ಮಾನದ ಬಗ್ಗೆ ನಮಗೆ ಇವತ್ತಿಗೂ ಪಶ್ಚಾತ್ತಾಪವಿಲ್ಲ.

ಆದರೆ ತಾತ ಆ ರಾತ್ರಿ ಒಂದು ಮಾತು ಹೇಳಿದ: "ಬಡಿಯೋದು ಬಿಟ್ರಿ, ಒಳ್ಳೇದಾಯ್ತು. ಕಟ್ಟೋದು ಯಾಕ್ರಪ್ಪಾ ಬಿಡ್ತೀರಿ? ಚಾಕರಿ ಅವರು ಹೊರಿಸಿದ್ದು. ಇದು ಅವರು ಕೊಟ್ಟದ್ದಲ್ಲ."

ನಮಗೆ ಕೇಳಿಸಲಿಲ್ಲ. ಅವಮಾನದ ಜೊತೆಗೆ ವಿದ್ಯೆಯನ್ನೂ ಮೂಟೆ ಕಟ್ಟಿ ಅಟ್ಟಕ್ಕೆ ಎಸೆದೆವು.

ಮುಂದೆ ತಾಲ್ಲೂಕು ಕಚೇರಿಗೆ ಜಾಥಾ ಹೊರಟಾಗ ತಮಟೆ ಬೇಕಾಯಿತು. ಕೇರಿಯಲ್ಲಿ ಒಂದೂ ಇರಲಿಲ್ಲ. ತಾತನೂ ಇರಲಿಲ್ಲ. ಪಕ್ಕದೂರಿನಿಂದ ಎರವಲು ತಂದೆವು. ಈಗಂತೂ ಪೇಟೆಯಲ್ಲಿ ಫೈಬರ್ ಹಾಳೆಯ ತಮಟೆ ಸಿಗುತ್ತದೆ. ನಟ್ಟು ತಿರುಗಿಸಿದರೆ ಸಾಕು, ಬೆಂಕಿ ಬೇಡ. ಮಳೆಗೂ ಹೆದರದು. ನಮ್ಮ ಹುಡುಗರು ಅದನ್ನೇ ಬಡಿಯುತ್ತಾರೆ, ನಾವು ತಪ್ಪು ಅನ್ನುವುದಿಲ್ಲ. ಆದರೆ ತೊಗಲಿನ ಹದ ಕೇಳಿದರೆ ಯಾರೂ ಹೇಳಲಾರರು.

ಇದು ಕೇರಿಯ ತಮಟೆಯ ಕತೆ ಮಾತ್ರವಲ್ಲ. ರಾಮನವಮಿ ಪೆಂಡಾಲಿನಲ್ಲಿ ಮಡಿಯಾಗಿ ಕೂತ ಮೃದಂಗವನ್ನು ನೋಡಿ. ಅದಕ್ಕೆ ಹಸು, ಆಡು, ಎಮ್ಮೆ, ಮೂರರ ತೊಗಲೂ ಬೇಕು. ಬಲಮಗ್ಗುಲಿನ ಕರಿಮಚ್ಚೆಯನ್ನು ಕಲ್ಲಿನ ಪುಡಿಗೆ ಅನ್ನ ಕಲಸಿ, ಪದರ ಪದರವಾಗಿ ಉಜ್ಜಿ ಕೂರಿಸಬೇಕು. ಶ್ರುತಿ ಹುಟ್ಟುವುದೇ ಅಲ್ಲಿ. ತಮಿಳುನಾಡಿನಲ್ಲಿ ಈ ಕೆಲಸ ಮಾಡಿದವರಲ್ಲಿ ಹೆಚ್ಚಿನವರು ದಲಿತ ಕ್ರೈಸ್ತರು. ಅವರ ಬಗ್ಗೆ ಗಾಯಕ ಟಿ. ಎಂ. ಕೃಷ್ಣ 2020ರಲ್ಲಿ 'ಸೆಬಾಸ್ಟಿಯನ್ ಅಂಡ್ ಸನ್ಸ್' ಎಂಬ ಪುಸ್ತಕ ಬರೆದರು. ಬಿಡುಗಡೆಗೆ ಸಭಾಂಗಣ ಕೊಟ್ಟಿದ್ದ ಚೆನ್ನೈನ ಕಲಾಕ್ಷೇತ್ರ ಆಮೇಲೆ ಅನುಮತಿ ಹಿಂತೆಗೆದುಕೊಂಡಿತು. ಮೃದಂಗ ಸಭೆಗೆ ಬರಬಹುದು, ಅದನ್ನು ಮಾಡಿದವನ ಕತೆ ಬರಬಾರದು. ನಮ್ಮೂರ ಗುಡಿ ಬಾಗಿಲಿಗೂ ಇದಕ್ಕೂ ಏನು ವ್ಯತ್ಯಾಸ?

2023ರಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆಯ ತಮಟೆ ಕಲಾವಿದ ಮುನಿವೆಂಕಟಪ್ಪನವರಿಗೆ ಪದ್ಮಶ್ರೀ ಬಂತು. ಅವತ್ತು ನಮಗೆ ಎದೆ ತುಂಬಿತು. ಬಡಿಯುವ ಕೈಗೆ ಮರ್ಯಾದೆ ಸಿಕ್ಕಿತು. ಕಟ್ಟುವ ಕೈಗೆ ಯಾವಾಗ?

ಗೆಳೆಯರೇ, ಹಳೆಯ ಚಾಕರಿಗೆ ಮರಳಿ ಅಂತ ನಾವು ಹೇಳುತ್ತಿಲ್ಲ. ಯಾರ ಹೆಣದ ಮುಂದೆಯೂ ಬಿಟ್ಟಿ ಬಡಿಯುವುದು ಬೇಡ. ಕೂಲಿ ಇಲ್ಲದೆ, ಹೆಸರಿಲ್ಲದೆ ಒಂದು ಏಟೂ ಬೇಡ. ಆದರೆ ಕೇರಿಯಲ್ಲಿ ಪಾಠ ಹೇಳುವ ಮೇಷ್ಟ್ರುಗಳು ಒಂದು ಸಂಜೆ ಮುದುಕರ ಜಗಲಿಯ ಮೇಲೆ ಕೂರಬೇಕು. ಸುಣ್ಣ ಎಷ್ಟು, ಕಾವು ಎಷ್ಟು ಅಂತ ಮಕ್ಕಳ ಕೈಯಲ್ಲಿ ಬರೆಸಬೇಕು. ಅದೂ ಪಾಠವೇ.

ತಾತನ ಬಳೆಯನ್ನು ಅಟ್ಟದಿಂದ ಇಳಿಸಿದ್ದೇವೆ. ತೊಗಲನ್ನು ಇಲಿ ತಿಂದಿದೆ, ಮರ ಗಟ್ಟಿಯಾಗಿದೆ. ಅಂಟಿನ ಹದ ಬಲ್ಲವರು ಪಕ್ಕದೂರಲ್ಲಿ ಒಬ್ಬರೇ ಉಳಿದಿದ್ದಾರೆ. ಈ ಭಾನುವಾರ ಹುಡುಗರನ್ನು ಕರೆದುಕೊಂಡು ಅವರ ಮನೆಗೆ ಹೊರಟಿದ್ದೇವೆ.